ಗೋಡೆಗೆ ಅಂಟಿಸಿದ ವಿಚಾರಣೆ

"ಕೈ ತೆಗಿಯೇ ಮಷೀನ್ ಮೇಲಿಂದ! ಸರ್ಕಾರದ ದುಡ್ಡು ನುಂಗಿ ನೀರು ಕುಡಿದು ಕೂತಿದೀಯ, ಬೋಳಿ!"

ವಸೂಲಿ ಸಾಹೇಬ ಬೂಟುಗಾಲಲ್ಲೇ ಒಳಗೆ ಬಂದಿದ್ದ. ಅವಳು ಹೊಲಿಯುತ್ತಿದ್ದ ಆಸ್ಪತ್ರೆಯ ದಿಂಬಿನ ಚೀಲ ಸೂಜಿಯ ಕೆಳಗೆ ಅರ್ಧಕ್ಕೇ ನಿಂತಿತು. ಸ್ಟೂಲಿನಿಂದ ಎದ್ದು ನಿಂತಳು. ಇದ್ದದ್ದು ಒಂದೇ ಕೋಣೆ. ಸಾಹೇಬ, ಅವನ ಜವಾನ, ಅವಳು, ಮೂಲೆಯಲ್ಲಿ ಮುದುಡಿದ್ದ ಅತ್ತೆ. ಉಸಿರಾಡಲೂ ಜಾಗವಿರಲಿಲ್ಲ.

"ಯಾವ ದುಡ್ಡು ಸಾರ್?"

"ಗಂಡ ಸತ್ತಾಗ ಪರಿಹಾರ ಅಂತ ಇಸ್ಕೊಂಡ್ಯಲ್ಲ, ಅದು. ಅವ್ನು ಕೆಲಸದ ಮೇಲೆ ಸತ್ತಿಲ್ಲ, ಕುಡಿದು ಹೋಗಿ ಗುಂಡಿಗೆ ಬಿದ್ದ ಅಂತ ತೀರ್ಮಾನ ಆಗಿದೆ. ಬಡ್ಡಿ ಸಮೇತ ವಾಪಸ್ ಕಟ್ಬೇಕು. ಅಲ್ಲೀವರ್ಗೂ ಈ ಮಷೀನ್ ಜಪ್ತಿ."

ಕೊಳಚೆ ಗುಂಡಿಯ ಮುಚ್ಚಳ ತೆಗೆಸಿ, ಗಂಡನ ಸೊಂಟಕ್ಕೆ ಹಗ್ಗ ಕಟ್ಟಿ ಇಳಿಸಿದವನು ಒಳಚರಂಡಿ ಇಲಾಖೆಯ ಮೇಸ್ತ್ರಿ. ಅದೇ ಹಗ್ಗದಲ್ಲಿ ಹೆಣ ಮೇಲೆ ಬಂದಿತ್ತು. ಸೊಂಟದ ಸುತ್ತ ಮೂಡಿದ್ದ ಬರೆಯನ್ನು ಅವಳೇ ತೊಳೆದಿದ್ದಳು.

"ಕುಡಿದು ಬಿದ್ದೋರಿಗೆ ಹಗ್ಗ ಯಾರು ಕಟ್ತಾರೆ ಸಾರ್?"



"ಅದನ್ನ ವಿಚಾರಣೆ ದಿನ ಬೊಗಳ್ಬೇಕಿತ್ತು. ಹೆಸ್ರು ಕೂಗಿದ್ರು, ನೀನು ಬರ್ಲಿಲ್ಲ. ಮುಗೀತು."

"ವಿಚಾರಣೆ ಇದೆ ಅಂತ ನಂಗ್ಯಾರೂ ಹೇಳ್ಲೇ ಇಲ್ವಲ್ಲ?"

"ನಿನ್ ಮನೆ ಗೋಡೆಗೆ ನೋಟಿಸ್ ಅಂಟ್ಸಿದೀವಿ."

"ಈ ಗೋಡೆಗಾ?"

"ಇಲಾಖೆ ಕ್ವಾರ್ಟರ್ಸ್ ಗೋಡೆಗೆ."

"ಅಲ್ಲಿಂದ ನೀವೇ ನಮ್ಮನ್ನ ಓಡಿಸಿದ್ರಲ್ಲ ಸಾರ್! ಹೆಣ ಎತ್ತಿದ ತಿಂಗಳಿಗೇ! ಪಾತ್ರೆ ಪಗಡೆಯೆಲ್ಲ ಬೀದಿಗೆ ಎಸೆದೋನು ಇವ್ನೇ."

ಜವಾನ ತಲೆ ತಗ್ಗಿಸಿದ. ಅತ್ತೆ ಅವಳ ಸೆರಗು ಹಿಡಿದು ಜಗ್ಗಿದಳು.

"ಬಾಯ್ಮುಚ್ಚೇ ನನ್ನವ್ವ, ಜೈಲಿಗೆ ಹಾಕ್ತಾರೆ." ಮುದುಕಿ ಸಾಹೇಬನ ಕಾಲಿಗೆ ಬಿದ್ದಳು. "ಹುಚ್ಚುಮುಂಡೆ ಸ್ವಾಮಿ, ಹೊಟ್ಟೆಗೆ ಹಾಕ್ಕೊಳ್ಳಿ."

ಸಾಹೇಬ ಬೂಟು ಹಿಂದೆಳೆದುಕೊಂಡ. "ಥೂ, ಮುಟ್ಬೇಡ. ಗುಂಡಿ ವಾಸ್ನೆ ಇನ್ನೂ ಹೋಗಿಲ್ಲ ನಿಮ್ಮದು."

ಜವಾನನೂ, ಹೊರಗೆ ಟೆಂಪೋದಲ್ಲಿ ಕಾದಿದ್ದ ಡ್ರೈವರನೂ ಸೇರಿ ಮಷೀನು ಎತ್ತಿದರು. ಸೂಜಿಗೆ ಸಿಕ್ಕಿಕೊಂಡಿದ್ದ ದಿಂಬಿನ ಚೀಲ ಜೋತಾಡುತ್ತಾ ಹೊಸ್ತಿಲು ದಾಟಿತು. ಓಣಿಯ ಬಾಗಿಲುಗಳು ಒಂದೊಂದಾಗಿ ಒಳಗಿನಿಂದ ಚಿಲಕ ಹಾಕಿಕೊಂಡವು. ಅವಳು ಹೊಸ್ತಿಲಲ್ಲಿ ನಿಂತೇ ಇದ್ದಳು. ಟೆಂಪೋದ ಹಿಂಬಾಗಿಲು ಮುಚ್ಚಲು ಜವಾನ ಕೈ ಹಾಕಿದಾಗ, ಏನಾಯಿತೋ, ಓಡಿಹೋಗಿ ಮೇಲೆ ಹತ್ತಿ ಮಷೀನನ್ನು ತಬ್ಬಿ ಕೂತಳು.

"ಇಳಿಯೇ ರಂಡೆ!"

"ಇಳಿಯಲ್ಲ. ನನ್ ಹೆಸ್ರು ಕೂಗಿದ್ರಲ್ಲ, ಕೂಗಿದ ಜಾಗಕ್ಕೇ ಕರ್ಕೊಂಡ್ ಹೋಗಿ. ಹಗ್ಗದ್ ವಿಷ್ಯ ಅಲ್ಲೇ ಹೇಳ್ತೀನಿ."

"ಪೊಲೀಸ್ರನ್ನ ಕರೀತೀನಿ. ಮೂಳೆ ಮುರೀತಾರೆ."

ಅವಳ ಸೀರೆ ಒದ್ದೆಯಾಯಿತು. ಬೆಚ್ಚನೆಯ ನೀರು ತೊಡೆಗುಂಟ ಇಳಿದು ಟೆಂಪೋದ ತಗಡಿನ ಮೇಲೆ ಹರಿಯಿತು. ಜವಾನ ಮುಖ ತಿರುಗಿಸಿದ. ಅವಳ ಹಲ್ಲು ಕಟಕಟ ಎನ್ನುತ್ತಿತ್ತು. ಮಾತು ತುಂಡು ತುಂಡಾಗಿ ಬಂತು.

"ಜಪ್ತಿ ಪಟ್ಟಿ ತೆಗೀರಿ ಸಾರ್. ಹೊಲಿಗೆ ಮಷೀನು ಒಂದು, ಹೆಂಗಸು ಒಂದು. ಬರ್ಕೊಳ್ಳಿ."

ಡ್ರೈವರ್ ಇಂಜಿನ್ ಶುರು ಮಾಡಿ ಸಾಹೇಬನ ಮುಖ ನೋಡಿದ. ಅಷ್ಟರಲ್ಲಿ ಅತ್ತೆ ಗೋಡೆ ಹಿಡಿದು ಹಿಡಿದು ಟೆಂಪೋದ ಹಿಂದಕ್ಕೆ ಬಂದಿದ್ದಳು. ಸೊಸೆಯತ್ತ ಕೈ ಚಾಚಿದಳು.

"ನನ್ನೂ ಎಳ್ಕೊಳ್ಳೇ. ಅವನನ್ನ ಹೆತ್ತೋಳು ನಾನು."

ಸೊಸೆ ಬಗ್ಗಿ ಆ ಕೈ ಹಿಡಿದಳು.

"ಗಾಡಿ ಬಿಡೋ!" ಸಾಹೇಬ ಕೂಗಿದ.

ಗಾಡಿ ಜಗ್ಗಿತು. ಮುದುಕಿಯ ಒಂದು ಕಾಲು ಇನ್ನೂ ನೆಲದ ಮೇಲೇ ಇತ್ತು.