ಚೇಳಿಗೆ ಎರಡು ನಿಮಿಷ

ಹೊಸಹಳ್ಳಿಯ ನಾಗರಿಕ ಜ್ಞಾನ ವೇದಿಕೆಯವರು ಬೇಸಿಗೆ ಉಪನ್ಯಾಸಕ್ಕೆ ಕೊಟ್ರೇಶನನ್ನು ಕರೆದಿದ್ದರು. ವಿಷಯ, ಮರುಭೂಮಿಯಲ್ಲಿ ಚೇಳು ಬದುಕುವ ಬಗೆ. ಆಹ್ವಾನ ಪತ್ರಿಕೆಯಲ್ಲಿ ಅಧ್ಯಕ್ಷ ಚನ್ನಕೇಶವ ಅವರ ಹೆಸರು ಬೆಲ್ಲದಚ್ಚಿನಷ್ಟು ದಪ್ಪಗಿತ್ತು, ಕೊಟ್ರೇಶನದು ಸಾಸಿವೆಯಷ್ಟು. ಚೇಳಿನದು ಅದಕ್ಕೂ ಸಣ್ಣ. ಆದರೂ ಅವನು ಪತ್ರಿಕೆಯನ್ನು ತಾಯಿಯ ಕೈಗೆ ಕೊಟ್ಟಿದ್ದ.

ಏಳು ವರ್ಷದಿಂದ ರಾಜಸ್ಥಾನದ ಮರಳಿಗೂ ಬೆಂಗಳೂರಿನ ವಿಜಯನಗರದ ಮನೆಗೂ ಓಡಾಡುತ್ತ ಅವನು ಚೇಳಿನ ಮೇಲೆ ಸಂಶೋಧನೆ ಮಾಡುತ್ತಿದ್ದ. ಅದೇನೆಂದು ತಾಯಿ ಜಗದಾಂಬಾ ಕೇಳಿದವರಲ್ಲ, ಅವನು ಹೇಳಿದವನಲ್ಲ. ಅದು ಜಗಳದ ಮೌನವಲ್ಲ, ರೂಢಿಯದು. ಎದುರು ಮನೆಯ ವಿಮಲಮ್ಮ "ಮಗ ಏನ್ ಮಾಡ್ತಾನ್ರೀ?" ಎಂದಾಗಲೆಲ್ಲ ಜಗದಾಂಬಾ "ಓದ್ತಾ ಇದಾನೆ" ಎಂದು, ಹಿಂಡಿದ ಬಟ್ಟೆಯನ್ನೇ ಮತ್ತೊಮ್ಮೆ ಹಿಂಡುತ್ತಿದ್ದರು. ಅದನ್ನು ಅವನು ಕಿಟಕಿಯಿಂದ ನೋಡಿದ್ದ. ಇವತ್ತು ನಲವತ್ತು ನಿಮಿಷ ಮಾತಾಡಿದರೆ ಆ ಹಿಂಡುವುದು ನಿಲ್ಲಬಹುದು ಎಂಬುದೊಂದೇ ಆಸೆ. ತಾಯಿ ರೇಷ್ಮೆ ಸೀರೆಯುಟ್ಟು ಮೂರನೇ ಸಾಲಿನಲ್ಲಿ ಕೂತಿದ್ದರು. ಪಕ್ಕದಲ್ಲಿ, ಸಾಕ್ಷಿಗೆಂಬಂತೆ, ವಿಮಲಮ್ಮ.

ಸಮುದಾಯ ಭವನದ ಶೀಟಿನ ಮಾಡು ಬೆಳಿಗ್ಗೆಯೇ ಕಾದ ಹೆಂಚಾಗಿತ್ತು. ಪ್ರಾರ್ಥನೆ ಆಯಿತು, ಸ್ವಾಗತ ಆಯಿತು, ಪ್ರಾಸ್ತಾವಿಕ ನುಡಿ ಆಯಿತು. ವೇದಿಕೆಯ ನೀರಿನ ಬಾಟಲಿಗಳು ಗಣ್ಯರಿಗೇ ಮುಗಿದು, ಕೊನೆಯ ಕುರ್ಚಿಯ ಕೊಟ್ರೇಶನವರೆಗೆ ಬರಲಿಲ್ಲ. ಮರುಭೂಮಿಯ ಚೇಳು ಬಾಟಲಿಗೆ ಕಾಯುವುದಿಲ್ಲ. ತಿಂದ ಹುಳದ ರಸದಲ್ಲೇ ದಾಹ ತೀರಿಸಿಕೊಳ್ಳುತ್ತದೆ, ಮೈಮೇಲಿನ ಮೇಣದ ಲೇಪ ಒಳಗಿನ ತೇವವನ್ನು ಸುಲಭಕ್ಕೆ ಹೊರಬಿಡುವುದಿಲ್ಲ. ಕೊಟ್ರೇಶನಿಗೆ ಮೇಣವಿರಲಿಲ್ಲ, ಕೋಟಿತ್ತು.

ಸನ್ಮಾನ ಶುರುವಾಯಿತು. ಸನ್ಮಾನಿತರು ಹಲವರು, ಹಣ್ಣಿನ ಬುಟ್ಟಿ ಒಂದೇ. ಫೋಟೋ ತೆಗೆದ ಮೇಲೆ ಬುಟ್ಟಿ ಪರದೆಯ ಹಿಂದಿನಿಂದ ಸುತ್ತಿ ಬಂದು ಮುಂದಿನವರ ಕೈ ಸೇರುತ್ತಿತ್ತು. ಕೊನೆಗೆ ವೇದಿಕೆಯ ಅಧ್ಯಕ್ಷರನ್ನು ವೇದಿಕೆಯೇ ಸನ್ಮಾನಿಸಿತು. ಅವರ ಬುಟ್ಟಿ ಮಾತ್ರ ಕಾರಿಗೆ ಹೋಯಿತು.

ನಿರೂಪಕಿ ಕುಸುಮಾ ಕೊಟ್ರೇಶನ ಕಿವಿಯತ್ತ ಬಗ್ಗಿ ಪಿಸುಗುಟ್ಟಿದಳು. "ಸಾರ್, ನಲವತ್ತು ಬೇಡ, ಇಪ್ಪತ್ತಕ್ಕೆ ಮುಗಿಸ್ಬಿಡಿ."

ಅಧ್ಯಕ್ಷರು ಮೈಕು ಹಿಡಿದರು. "ಚೇಳು ಅಂದ್ರೆ ನೆನಪಾಯ್ತು. ಈ ಹೊಸಹಳ್ಳಿ ಹೊಲ ಆಗಿದ್ದಾಗ ಕಲ್ಲೆತ್ತಿದ್ರೆ ಚೇಳು. ಈಗ ಕಲ್ಲೆತ್ತಿದ್ರೆ ಬಾಡಿಗೆದಾರ!" ಜನ ನಕ್ಕರು. ಆ ನಗುವಿನ ಹುರುಪಿನಲ್ಲಿ ಅವರು ಮೋರಿ ಕಾಮಗಾರಿಗೆ ಇಳಿದರು, ಅಲ್ಲಿಂದ ಮೆಟ್ರೋ ಹತ್ತಿದರು, ಕೊನೆಗೆ ಪಕ್ಕದ ಬಡಾವಣೆಯ ಸಂಘದ ಮೇಲೆ ಬಿದ್ದರು. "ಚೇಳಿಗೆ ಪಾರುಪತ್ಯ ಕೊಟ್ಟಂಗಾಗಿದೆ ಅಲ್ಲಿ!" ಚಪ್ಪಾಳೆ. ಚೇಳಿನ ಬಗ್ಗೆ ಆ ದಿನ ವೇದಿಕೆಯಿಂದ ಬಂದ ಮಾತು ಅಷ್ಟೇ.

"ಐದು ನಿಮಿಷ, ಸಾರ್," ಎಂದಳು ಕುಸುಮಾ.

ವಂದನಾರ್ಪಣೆ ಮಾಡಬೇಕಾದ ಗೂಳಪ್ಪನವರಿಗೆ ಕೆಂಗೇರಿಯಲ್ಲಿ ಗೃಹಪ್ರವೇಶವಿತ್ತು. ಅದಕ್ಕಾಗಿ ವಂದನೆಯನ್ನು ಉಪನ್ಯಾಸಕ್ಕೆ ಮೊದಲೇ ಇಟ್ಟರು. ಶಾಮಿಯಾನದವರನ್ನೂ ಅಡುಗೆಯವರನ್ನೂ ನೆನೆದು, ಗೂಳಪ್ಪ ಕೊಟ್ರೇಶನತ್ತ ತಿರುಗಿ, "ಇಷ್ಟು ಹೊತ್ತು ಅಮೋಘವಾಗಿ ಉಪನ್ಯಾಸ ಮಾಡಿ ನಮ್ಮ ಕಣ್ಣು ತೆರೆಸಿದ ಯುವ ವಿಜ್ಞಾನಿಗೆ" ಕೈಮುಗಿದರು. ಇನ್ನೂ ಬಾಯಿ ತೆರೆಯದ ಯುವ ವಿಜ್ಞಾನಿ ಎದ್ದುನಿಂತು ಕೈಮುಗಿದ. ಸುಮ್ಮನಿರುವುದು ಅವನಿಗೆ ಎಂದೂ ಕಷ್ಟವಾಗಿರಲಿಲ್ಲ. ಇವತ್ತು ಮಾತ್ರ ಆಯಿತು.

ಅಷ್ಟರಲ್ಲಿ ಹೋಳಿಗೆಯ ತುಪ್ಪದ ವಾಸನೆ ಬಂತು. ಬೇಟೆಯ ಹೆಜ್ಜೆಯ ಕಂಪನವನ್ನು ಚೇಳು ಮರಳಿನಲ್ಲಿ ಕಾಲಿಂದಲೇ ಹಿಡಿಯುತ್ತದೆ. ಸಭಿಕರು ಮೂಗಿನಿಂದ ಹಿಡಿದರು. ಸಾಲುಸಾಲಾಗಿ ಎದ್ದರು.

"ಎರಡೇ ನಿಮಿಷ ಸಾರ್, ಪ್ಲೀಸ್. ಅಡುಗೆಯವರು ಬೈತಾ ಇದಾರೆ," ಎಂದು ಕುಸುಮಾಳೂ ಇಳಿದುಹೋದಳು.

"ಬನ್ನಿ ಜಗದಾಂಬಾ, ಹೋಳಿಗೆ ಖಾಲಿಯಾಗುತ್ತೆ," ಎಂದು ವಿಮಲಮ್ಮ ಕೈ ಜಗ್ಗಿದರು.

"ನೀವು ನಡೀರಿ. ನಮ್ಮ ಹುಡುಗ ಇನ್ನೂ ಮಾತಾಡಿಲ್ಲ."

ಕೊಟ್ರೇಶ ಮೈಕಿನ ಮುಂದೆ ನಿಂತ. "ಮರುಭೂಮಿಯ ಚೇಳು..." ಎನ್ನುವಷ್ಟರಲ್ಲಿ ಮೈಕಿನವನು ವೈರು ಕಿತ್ತು ಸುತ್ತತೊಡಗಿದ. ಕುರ್ಚಿಯವರು ಕುರ್ಚಿಗಳನ್ನು ಒಂದರೊಳಗೊಂದು ಪೇರಿಸುತ್ತ ಹಿಂದಿನ ಸಾಲಿನಿಂದ ಬರುತ್ತಿದ್ದರು. ಬರಿದಾದ ಭವನದಲ್ಲಿ ತಾಯಿ ಒಬ್ಬರೇ, ಮಡಿಲಲ್ಲಿ ಕೈಯಿಟ್ಟು ಅವನನ್ನೇ ನೋಡುತ್ತಿದ್ದರು.

ಅವನು ಇಳಿದು ಬಂದು ಪಕ್ಕದಲ್ಲಿ ಕೂತ. ಹೇಳಿದ. ಚೇಳು ಹಗಲೆಲ್ಲ ಬಿಲದ ತಂಪಿನಲ್ಲಿದ್ದು ಇರುಳಿಗೆ ಹೊರಬರುವುದನ್ನು, ಮರಳು ಸುಟ್ಟರೆ ಕಾಲುಗಳ ಮೇಲೆ ಎದ್ದು ಹೊಟ್ಟೆಯನ್ನು ನೆಲಕ್ಕೆ ತಾಗಿಸದೆ ನಿಲ್ಲುವುದನ್ನು, ಒಂದು ಊಟದ ಮೇಲೆ ತಿಂಗಳುಗಟ್ಟಲೆ ದೂಡುವುದನ್ನು.

"ಅಷ್ಟು ದಿನ ಅದು ಏನ್ ಮಾಡುತ್ತೋ?"

"ಏನೂ ಮಾಡಲ್ಲಮ್ಮ. ಸುಮ್ನೆ ಕೂತಿರುತ್ತೆ. ಓಡಾಡಿದ್ರೆ ಒಳಗಿರೋದು ಖರ್ಚಾಗುತ್ತಲ್ಲ."

"ಸುಮ್ನೆ ಕೂತಿರುತ್ತೆ ಅಂತ ತಿಳ್ಕೊಳ್ಳೋಕೆ ಏಳು ವರ್ಷ ಬೇಕಾಯ್ತೇನೋ ನಿಂಗೆ?"

ಅವನು ನಕ್ಕುಬಿಟ್ಟ. ತಾಯಿ ನಗಲಿಲ್ಲ. "ಮರಿಗಳ ಗತಿ?" ಎಂದರು.

"ತಾಯಿ ಬೆನ್ನ ಮೇಲೆ ಹೊತ್ಕೊಂಡಿರುತ್ತೆ. ಮೊದಲ್ನೇ ಸಲ ಪೊರೆ ಬಿಡೋವರೆಗೂ."

ಜಗದಾಂಬಾ ಅವನನ್ನು ಒಮ್ಮೆ ಅಡಿಯಿಂದ ಮುಡಿಯವರೆಗೆ ನೋಡಿದರು. "ಅದರ ಮರಿ ಬೇಗ ಪೊರೆ ಬಿಡುತ್ತೆ ಪಾಪ," ಎಂದರು.

ಅಷ್ಟರಲ್ಲಿ ವಿಮಲಮ್ಮ ಎಲೆ ಅಡಿಕೆ ಜಗಿಯುತ್ತ ಬಂದರು. "ಏನಂತ್ರೀ ಮಗನ ಚೇಳು? ಎರಡು ಮಾತಲ್ಲಿ ಹೇಳಿ, ಮನೆಗೆ ಹೋಗೋಣ."

ಜಗದಾಂಬಾ ಹೋಗುತ್ತಿದ್ದ ಕುರ್ಚಿಯವನನ್ನು ತಡೆದು ಪೇರಿಕೆಯಿಂದ ಒಂದು ಕುರ್ಚಿ ಇಳಿಸಿಕೊಂಡರು. "ಎರಡು ಮಾತಲ್ಲಿ ಆಗೋದಲ್ಲ ಕಣ್ರೀ. ಕೂತ್ಕೊಳ್ಳಿ. ಮೊದಲನೇದಾಗಿ, ಅದಕ್ಕೆ ಓಡಾಡೋ ಚಟ ಇಲ್ಲ..."

ಕೊಟ್ರೇಶ ಊಟದ ಮನೆಗೆ ಹೋದ. ಹೋಳಿಗೆ ಮುಗಿದಿತ್ತು. ತಳ ಕೆರೆದು ಕೊಟ್ಟ ಮೊಸರನ್ನವನ್ನು ಎರಡು ತಟ್ಟೆಗೆ ಹಾಕಿಸಿಕೊಂಡು ಬಂದಾಗಲೂ ವಿಮಲಮ್ಮ ಕೂತೇ ಇದ್ದರು. ಜಗಿಯುವುದು ನಿಂತಿತ್ತು.

"ಅಮ್ಮ, ಊಟ."

ಜಗದಾಂಬಾ ತಿರುಗಿಯೂ ನೋಡದೆ ಕೈಯೆತ್ತಿ ತಡೆದರು. "ಇರೋ, ಇನ್ನೂ ಬಾಲಕ್ಕೆ ಬಂದಿಲ್ಲ."