ಅರ್ಜಿದಾರರ ಪೂರ್ಣ ವಿಳಾಸ

ಇದನ್ನು ಹೇಳುವುದಕ್ಕೆ ನನಗೆ ಅಂಜಿಕೆ. ಕಾನೂನು ಓದಿದವನಲ್ಲ, ಸಂಜೆ ತರಗತಿಯಲ್ಲಿ ಕಲಿತ ನಾಲ್ಕು ಅಕ್ಷರ ನಂಬಿ ಬರೆಯುತ್ತಿದ್ದೇನೆ. ತಪ್ಪಿದ್ದರೆ ಬಲ್ಲವರು ಹೊಟ್ಟೆಗೆ ಹಾಕಿಕೊಳ್ಳಬೇಕು.

ಕೋರ್ಟಿನ ಎದುರು ಅರ್ಜಿ ಟೈಪು ಮಾಡುತ್ತಿದ್ದವನನ್ನು ಎಲ್ಲರೂ ಕೀಲಿಮಣೆ ಎಂದೇ ಕರೆಯುತ್ತಿದ್ದರು. ಅವನ ಅಕ್ಕನ ಗಂಡ ಬಡಗಿ. ಬಡಗಿಯ ಕೆಲಸದ ಮನೆಗೆ ಮರ ಸಾಗಿಸಲು ಇದ್ದದ್ದು ಎಂಟಡಿ ಅಗಲದ ಒಂದೇ ಸಂದಿ. ಅಪ್ಪ ಸತ್ತ ವರ್ಷವೇ ಬಡಗಿಯ ಅಣ್ಣ, ಗುಜರಿ ವ್ಯಾಪಾರಿ, ಅದು ತನ್ನ ಪಾಲಿನದೆಂದು ಅಡ್ಡಗೋಡೆ ಎಬ್ಬಿಸಿದ. ತಡೆಯಲು ಹೋದ ಬಡಗಿಯ ಎರಡು ಹಲ್ಲು ಆ ಗೋಡೆಯ ಹಸಿ ಸಿಮೆಂಟಿನಲ್ಲೇ ಉಳಿದವು.

"ಸಿವಿಲ್ ದಾವೆ ಅಂದ್ರೆ ಮೊಮ್ಮಕ್ಕಳ ಕಾಲಕ್ಕೆ ಮುಗಿಯುತ್ತೆ ಭಾವ," ಎಂದ ಕೀಲಿಮಣೆ. "ಸಂದಿ ಊರಿನ ದಾರಿ ಅಂತ ಬರೆಯೋಣ. ಸಾರ್ವಜನಿಕ ಹಿತಾಸಕ್ತಿ ಅರ್ಜಿ. ದೊಡ್ಡ ಕೋರ್ಟು, ಬೇಗ ಆಗುತ್ತೆ."

"ಅದು ನಮ್ಮಪ್ಪನ ಜಾಗ ಕಣೋ. ಊರಿಂದು ಹೇಗಾಗುತ್ತೆ?"

"ಗೋಡೆ ಬೀಳಬೇಕೋ ಬೇಡ್ವೋ?"

ಬಡಗಿ ಹಲ್ಲಿಲ್ಲದ ಜಾಗವನ್ನು ನಾಲಿಗೆಯಿಂದ ತಡವಿದ. "ಬೀಳಬೇಕು."

ಹನ್ನೊಂದು ಜನ ನೆರೆಯವರು ಸಹಿ ಹಾಕಿದರು. ಅವರಲ್ಲಿ ಆ ಸಂದಿ ತುಳಿದವರು ಇಬ್ಬರೋ ಮೂವರೋ. ಉಳಿದವರದು ಬಡಗಿಯ ಮೇಲಿನ ದಾಕ್ಷಿಣ್ಯ. ಹಿಂದೊಮ್ಮೆ ವಿಳಾಸ ಸರಿಯಿಲ್ಲವೆಂದು ಅರ್ಜಿ ವಾಪಸಾಗಿ ಬೈಸಿಕೊಂಡಿದ್ದ ಕೀಲಿಮಣೆ ಈ ಸಲ ಒಂದಕ್ಷರ ಬಿಡಲಿಲ್ಲ. "ನೀಲಿ ಗೇಟು, ಮಹಡಿ ಮೆಟ್ಟಿಲು ಎಡಕ್ಕೆ" ಎಂಬುದನ್ನೂ ಸೇರಿಸಿದ. ಅದು ನಿವೃತ್ತ ಟೀಚರಮ್ಮನ ಮನೆ. ಮರ್ಯಾದಸ್ಥರ ಹೆಸರು ಮೇಲಿದ್ದರೆ ಅರ್ಜಿಗೆ ತೂಕವೆಂದು ಅವರದನ್ನೇ ಮೊದಲು ಹಾಕಿದ್ದ.

ನ್ಯಾಯಾಧೀಶರು ಎರಡು ಪುಟ ತಿರುವಿದರು. "ಇದರಲ್ಲಿ ಸಾರ್ವಜನಿಕರು ಎಲ್ಲಿದ್ದಾರೆ? ಅಣ್ಣತಮ್ಮಂದಿರ ಪಾಲಿನ ಜಗಳಕ್ಕೆ ಊರಿನ ಅಂಗಿ ತೊಡಿಸಿದ್ದೀರಿ. ಸಿವಿಲ್ ಕೋರ್ಟಿಗೆ ಹೋಗಿ." ನಾಲ್ಕೇ ನಿಮಿಷ. ಅರ್ಜಿ ವಜಾ.

ಆದರೆ ಎದುರುದಾರನಾದ ಅಣ್ಣನಿಗೂ ಅದರ ಒಂದು ಪ್ರತಿ ಹೋಗಿತ್ತಲ್ಲ. ಮರುದಿನ ಬೆಳಿಗ್ಗೆ ಅವನು ಎಡಗೈಯಲ್ಲಿ ಆ ಪ್ರತಿ, ಬಲಗೈಯಲ್ಲಿ ಕಬ್ಬಿಣದ ಸಲಾಕೆ ಹಿಡಿದು ಹೊರಟ. ನೀಲಿ ಗೇಟು ಒದ್ದ. ಮಹಡಿ ಮೆಟ್ಟಿಲು ಎಡಕ್ಕೆ.

"ಟೀಚರಮ್ಮ, ನಮ್ಮ ಸಂದೀಲಿ ನೀವು ಯಾವಾಗ ಓಡಾಡಿದ್ರಿ?"

ಸಹಿ ಹಾಕಿದ ಕೈ ಯಾವುದೆಂದು ಕೇಳಿ, ಅದೇ ಕೈಯ ಮಣಿಕಟ್ಟು ಮುರಿದ. ಎರಡನೆಯ ವಿಳಾಸದಲ್ಲಿ ಹಾಲಿನವನ ಮೊಣಕಾಲು ಹೋಯಿತು. ಮೂರನೆಯದರಲ್ಲಿ ಸೈಕಲ್ ರಿಪೇರಿಯವನು, ಸಹಿ ತನ್ನದಲ್ಲವೆಂದು ಕಾಲು ಹಿಡಿದ; ಅವನ ದವಡೆ ಒಡೆಯಿತು. "ನಾಲ್ಕು!" ಎಂದು ಅಣ್ಣ ಬೀದಿಗೆಲ್ಲ ಕೇಳುವಂತೆ ಓದಿದ.

ಸುದ್ದಿ ಮುಟ್ಟಿದಾಗ ಕೀಲಿಮಣೆ ಭಾವನ ಮನೆಯಲ್ಲೇ ಇದ್ದ. ಬಡಗಿ ಮರ ಕೆತ್ತುವ ಬಾಚಿ ಎತ್ತಿಕೊಂಡ. ಅಕ್ಕ ಬಾಗಿಲಿಗೆ ಅಡ್ಡ ನಿಂತಳು. "ಬರೆದವನು ನೀನೇ, ತಡೆಯೋ ಇವರನ್ನ!" ಎಂದು ತಮ್ಮನತ್ತ ಕೂಗಿದಳು. ಬಡಗಿ ಅವಳನ್ನು ಗೋಡೆಗೆ ತಳ್ಳಿ ಹೊರಬಿದ್ದ.

ನಾಲ್ಕನೆಯ ಮನೆಯ ಮುಂದೆ ಇಬ್ಬರೂ ಎದುರಾದರು.

"ಬಂದ್ಯಾ, ಸಾರ್ವಜನಿಕ?" ಎಂದು ಅಣ್ಣ ನಕ್ಕ.

ಕೀಲಿಮಣೆ ಹಿಂದಿನಿಂದ ಭಾವನ ಸೊಂಟಕ್ಕೆ ಜೋತುಬಿದ್ದ. "ಬೇಡ ಭಾವ, ತಪ್ಪು ನಂದು, ನಂದು!" ಭಾವನ ಮೊಣಕೈ ಮೂಗಿಗೆ ಬಡಿದು ಅವನು ನೆಲಕ್ಕೆ ಬಿದ್ದ. ಅಲ್ಲಿಂದ ಅಣ್ಣನ ಎಡಗೈ ಮೇಲೇಳುವುದು ಕಂಡಿತು. ಮರುಕ್ಷಣ ಬಾಚಿ ಅಣ್ಣನ ಕುತ್ತಿಗೆಗೂ ಭುಜಕ್ಕೂ ನಡುವೆ ಇಳಿಯಿತು. ಹಸಿ ಮರ ಸೀಳಿದಂಥ ಸದ್ದು. ಕೀಲಿಮಣೆ ಕಣ್ಣಲ್ಲಿ ಕಣ್ಣಿಟ್ಟು ಜೋಡಿಸಿದ್ದ ಹನ್ನೊಂದು ಹೆಸರುಗಳ ಮೇಲೆ ರಕ್ತ ಹರಿಯಿತು.

ಅಣ್ಣ ಆಸ್ಪತ್ರೆ ಮುಟ್ಟಲಿಲ್ಲ. ಬಡಗಿ ಜೈಲಿನಲ್ಲಿದ್ದಾನೆ. ಗೋಡೆ ನಿಂತೇ ಇದೆ. ಅದರ ಮೇಲಿನ ಸಿವಿಲ್ ದಾವೆ ಈಗ ಇಬ್ಬರು ಓರಗಿತ್ತಿಯರ ನಡುವೆ. ಟೀಚರಮ್ಮ ಎಡಗೈಯಲ್ಲಿ ಸಹಿ ಕಲಿಯುತ್ತಿದ್ದಾರೆ.

ಅಣ್ಣ ಮೊದಲು ಹೊಡೆಯಲು ಬಂದನೆಂದು ಕೀಲಿಮಣೆ ಸಾಕ್ಷಿ ಹೇಳಿದರೆ ಭಾವನ ಶಿಕ್ಷೆ ಇಳಿದೀತು. "ಹೌದು ಅಂದ್ಬಿಡೋ, ನಿನ್ನ ಗಂಟೇನು ಹೋಗುತ್ತೆ?" ಎನ್ನುತ್ತಾಳೆ ಅಕ್ಕ. ಆದರೆ ಸಲಾಕೆ ಇದ್ದದ್ದು ಬಲಗೈಯಲ್ಲಿ. ಎದ್ದದ್ದು ಕಾಗದ ಹಿಡಿದ ಕೈ. ಏಟು ತಡೆಯಲೋ, ಹೆದರಿಸಲೋ, ತಗೋ ನಿನ್ನ ಅರ್ಜಿ ಎಂದು ಕೊಡಲೋ, ಕೀಲಿಮಣೆಗೆ ಗೊತ್ತಿಲ್ಲ. ಸಾಕ್ಷಿಯ ದಿನ ಇನ್ನೂ ಬಂದಿಲ್ಲ. ಅವನು ಏನು ಹೇಳುತ್ತಾನೋ ನನಗೂ ಗೊತ್ತಿಲ್ಲ.