ನಿಲ್ಲಿಸುವ ಮಾತು

"ಇದೇನಣ್ಣ, ನೊಣ ಓಡಿಸ್ತಿದ್ದೀಯಾ?" ಎಂದಳು ಕಲಾವಿದೆ, ಎರಡನೆಯ ಏಟಿಗೂ ಕೆನ್ನೆ ಬಿಸಿಯಾಗದೆ ಇದ್ದಾಗ. "ನಾನು ಚಿಕ್ಕವಳಿದ್ದಾಗ ನಿನ್ ಕೈ ಚೆನ್ನಾಗೇ ಓಡ್ತಿತ್ತಲ್ಲ."

ಬಿಳಿ ಬಟ್ಟೆ ಇಳಿಬಿಟ್ಟ ಗೋಡೆಯ ಮುಂದೆ ಅವಳು ಕಬ್ಬಿಣದ ಕುರ್ಚಿಯಲ್ಲಿ ಕೂತಿದ್ದಳು. ಎದುರಿಗೆ ನಿಂತವನು ಅವಳನ್ನು ಸಾಕಿದ ದೊಡ್ಡಮ್ಮನ ಮಗ. ಗ್ಯಾರೇಜಿನಲ್ಲಿ ನೆಗ್ಗಿದ ಕಾರುಗಳ ತಗಡು ಬಡಿದು ನೇರ ಮಾಡುವವನು. "ಏಟು ತಿನ್ನೋದನ್ನೂ ಸಿನಿಮಾ ಮಾಡ್ತಾರಾ? ಹಾಗಾದ್ರೆ ನಮ್ಮನೇಲಿ ದಿನಾ ಶೂಟಿಂಗೇ ಇತ್ತು ಬಿಡು," ಎಂದು ನಗುತ್ತಲೇ ಬಂದಿದ್ದ.

ಪ್ರತಿ ಏಟಿಗೆ ಮೊದಲು ಅವನು "ನೀನ್ಯಾರು?" ಎಂದು ಕೇಳಬೇಕು. ಅವಳು ಪ್ರತಿ ಸಲವೂ ಬೇರೆ ಉತ್ತರ ಕೊಡಬೇಕು. ಯಾವುದೋ ಒಂದು ಉತ್ತರಕ್ಕೆ ಆ ಕೈ ತಾನಾಗಿಯೇ ತಡೆಯುತ್ತದೆಂದು ಅವಳು ನಂಬಿದ್ದಳು. ಅದೊಂದು ಗಳಿಗೆಗಾಗಿಯೇ ಇಡೀ ಚಿತ್ರ.

"ತಡ್ಕೊಳ್ಳಕ್ಕಾಗ್ದಿದ್ರೆ 'ಸಾಕು' ಅನ್ನು, ನಿಲ್ಲಿಸ್ತಾರೆ. ಆಯ್ತಾ?" ಎಂದಿದ್ದಳು ಕ್ಯಾಮೆರಾ ಹಿಡಿದ ಗೆಳತಿ. ಅಣ್ಣ ತಂಗಿ ಇಬ್ಬರೂ ತಲೆಯಾಡಿಸಿದ್ದರು.

"ನೀನ್ಯಾರು?"

"ಚಿತ್ರ ಮಾಡೋಳು."

ಈ ಸಲ ಏಟು ಬಿತ್ತು. ಕಿವಿಯೊಳಗೆ ತಗಡಿನ ಸದ್ದು.

"ನೀನ್ಯಾರು?"

"ನಿನ್ ತಂಗಿ."

ಕೈ ತಡೆಯುವುದಿದ್ದರೆ ಇಲ್ಲೇ ಎಂದುಕೊಂಡಿದ್ದಳು. ತಡೆಯಲಿಲ್ಲ. ತುಟಿ ಹಲ್ಲಿಗೆ ಸಿಕ್ಕಿ ಒಡೆಯಿತು. ಅವನ ಮುಖದಲ್ಲಿ ಈಗ ದೊಡ್ಡಮ್ಮನ ಮುಖ ಬಂದು ಕೂತಿತ್ತು.

"ಉಂಡ ಮನೆಗೆ ಎರಡು ಬಗೀತೀಯಾ? ಹೇಳು, ಯಾರು ನೀನು?"

"ಸಾಕು."

ಏಟು.

"ಕೇಳಿಸ್ಲಿಲ್ಲ. ಯಾರು?"

"ಸಾಕು, ಅಣ್ಣ."

ಮೂಗಿನಿಂದ ರಕ್ತ ಚಿಮ್ಮಿ ಬಿಳಿ ಬಟ್ಟೆಗೆ ಸಿಡಿಯಿತು. ಗೆಳತಿ ಓಡಿ ಬಂದು ಅವನ ತೋಳಿಗೆ ಜೋತುಬಿದ್ದಳು. "ಸಾಕು ಅಂತಿದ್ದಾಳಲ್ಲ, ಕಿವಿ ಕೇಳಲ್ವಾ ನಿಮಗೆ?"

"ಅದು ಅವಳ ಹೆಸರು ಕಣಮ್ಮ," ಎಂದ ಅವನು ಏದುಸಿರು ಬಿಡುತ್ತ. "ಸಾಕುಮಗಳು ಅಂತ ಮನೇಲೆಲ್ಲ 'ಸಾಕು' ಅಂತಲೇ ಕರೀತಿದ್ದಿದ್ದು. ಕೇಳಿದ್ದಕ್ಕೆ ಸರಿಯಾಗೇ ಹೇಳ್ತಿದ್ದಾಳೆ."

ಕುರ್ಚಿ ಯಾವಾಗ ತನ್ನ ಕೈಗೆ ಬಂತೋ ಕಲಾವಿದೆಗೆ ತಿಳಿಯಲಿಲ್ಲ. ಅದರ ಕಾಲು ಮೊದಲು ಅವನ ಬಲಗೈ ಬೆರಳುಗಳಿಗೆ ಬಡಿಯಿತು, ಆಮೇಲೆ ಮೊಣಕೈಗೆ, ಆಮೇಲೆ ಹುಬ್ಬಿಗೆ. ಅವನು ಬಟ್ಟೆಯನ್ನು ಹಿಡಿದೆಳೆದುಕೊಂಡೇ ಗೋಡೆಗೊರಗಿ ಕುಸಿದ. ಅವಳು ಏನನ್ನೂ ಕೇಳಲಿಲ್ಲ, ಹೊಡೆದಳು. ಗೆಳತಿ ಕುರ್ಚಿಯನ್ನು ಕಿತ್ತೆಸೆದು, ಆಸ್ಪತ್ರೆಗೆ ಗಾಡಿ ಕರೆಯಲು ಬೀದಿಗೆ ಓಡಿದಳು.

"ನೀರು," ಎಂದ ಅವನು.

ಊದಿಕೊಂಡ ಬೆರಳುಗಳು ಮಡಚುತ್ತಿರಲಿಲ್ಲ. ಅವಳು ಪಕ್ಕದಲ್ಲಿ ಕೂತು, ಅವನ ಗಲ್ಲ ಎತ್ತಿ, ಲೋಟವನ್ನು ತುಟಿಗೆ ಹಿಡಿದಳು. ಒಮ್ಮೆ ಅವಳಿಗೆ ಜ್ವರ ಬಂದಾಗ, ದೊಡ್ಡಮ್ಮನ ಕಣ್ಣು ತಪ್ಪಿಸಿ ಅವನೂ ಹೀಗೆಯೇ ಕುಡಿಸಿದ್ದ. ಅವನು ಅರ್ಧ ಲೋಟ ಕುಡಿದು ಮುಖ ಸರಿಸಿದ.

"ಸಾಕು."

ಲೋಟ ಇಳಿಯಲಿಲ್ಲ. ನೀರು ಅವನ ಗಲ್ಲದಿಂದ ಕತ್ತಿಗೆ, ಕತ್ತಿನಿಂದ ಮಡಿಲಲ್ಲಿ ಬಿದ್ದ ಬಿಳಿ ಬಟ್ಟೆಗೆ ಕೆಂಪಾಗಿ ಹರಿಯುತ್ತಲೇ ಇತ್ತು.